ತುದಿ ಮುರಿಯದ ಶಂಖ

ಶಂಕು, ಶಂಖ ಎಂಬ ಎರಡು ಶಬ್ದಗಳಿಗೆ ಮೂಲದಲ್ಲಿ ಯಾವ ಸಂಬಂಧವೂ ಇಲ್ಲ. ಶಂಕು ಎಂದರೆ ಗೂಟ. ನೆಲದಲ್ಲಿ ಗೂಟ ನೆಟ್ಟು ಅದರ ನೆರಳಿನಿಂದ ಹೊತ್ತು ಅಳೆಯುತ್ತಿದ್ದವರು ಆ ಶಬ್ದವನ್ನು ಗಣಿತಕ್ಕೆ ತಂದರು. ಶಂಖ ಕಡಲಿನದು; ಗ್ರೀಕರ ಕೊಂಖೆ, ಇಂಗ್ಲಿಷಿನ ಕಾಂಚ್ ಅದರ ದಾಯಾದಿಗಳು. ಕೇಳುವುದಕ್ಕೆ ಹತ್ತಿರವಾದವು ಬೇರೆ ಬೇರೆ ಮನೆಯವು, ದೂರವಾದವು ಒಂದೇ ಮನೆಯವು. ಇಷ್ಟನ್ನು ನಾನು ರುಕಿಯಾ ಅವರಿಗೆ ಹತ್ತು ನಿಮಿಷ ವಿವರಿಸಿದೆ. ಅವರು ಕೇಳಿದ್ದು ಇದನ್ನಲ್ಲ. ತಮ್ಮ ಮಗ ಸಮುದ್ರಕ್ಕೆ ಯಾಕೆ ಹೋದ ಎಂದು ಅವರು ಕೇಳಿದ್ದರು.

ನಾನು ಬಂಟ್ವಾಳದ ಒಂದು ಪ್ರೌಢಶಾಲೆಯಲ್ಲಿ ಮೂವತ್ತನಾಲ್ಕು ವರ್ಷ ಗಣಿತ ಕಲಿಸಿ, ನಿವೃತ್ತನಾದ ಮೇಲೆ ವೇಣೂರಿನಲ್ಲಿ ನೆಲೆಸಿದವನು. ಹೆಸರು ಪದ್ಮಯ್ಯ. ರುಕಿಯಾ ಅವರ ಮಗ ಅಸ್ಕರ್ ನನ್ನ ವಿದ್ಯಾರ್ಥಿ. ಅವನು ಸತ್ತದ್ದು ಕೆಂಪು ಸಮುದ್ರದ ದಂಡೆಯ ಯಾನ್ಬು ಎಂಬ ಊರಿನಲ್ಲಿ, ಜುಲೈ ತಿಂಗಳ ಒಂದು ಶುಕ್ರವಾರ ಬೆಳಿಗ್ಗೆ. ಅವನಿಗೆ ಮೂವತ್ತನಾಲ್ಕು ವರ್ಷ. ನಾನು ಕಲಿಸಿದ ವರ್ಷಗಳೂ ಅವನು ಬದುಕಿದ ವರ್ಷಗಳೂ ಸಂಖ್ಯೆಯಲ್ಲಿ ಒಂದೇ. ಇದಕ್ಕೆ ಅರ್ಥವಿಲ್ಲ, ಆದರೂ ಬರೆದಿದ್ದೇನೆ.

ಎಂಟನೆಯ ತರಗತಿಯಲ್ಲಿ ಅಸ್ಕರನ ಬೆಂಚಿನಲ್ಲೇ ಅಸ್ಗರ್ ಎಂಬ ಇನ್ನೊಬ್ಬನಿದ್ದ. ಹಾಜರಿ ಕರೆಯುವಾಗ ಇಬ್ಬರೂ ಒಟ್ಟಿಗೆ ಎದ್ದು ನಿಲ್ಲುತ್ತಿದ್ದರು.

"ಸಾರ್, ನಮ್ಮಿಬ್ಬರ ಹೆಸರು ಒಂದೇನಾ?" ಎಂದು ಅಸ್ಕರ್ ಒಂದು ದಿನ ಕೇಳಿದ.

ಗೊತ್ತಿಲ್ಲದ್ದಕ್ಕೆ ಉತ್ತರ ಹೇಳುವವನಲ್ಲ ನಾನು. ಮದ್ರಸದ ಉಸ್ತಾದರನ್ನು ಕಂಡು ವಿಚಾರಿಸಿದೆ. ಅಸ್ಕರ್ ಎಂದರೆ ಸೈನ್ಯ, ಅಸ್ಗರ್ ಎಂದರೆ ಚಿಕ್ಕವನು. ಮೂಲ ಬೇರೆ. ಮರುದಿನ ಹಾಗೆಂದು ತರಗತಿಯಲ್ಲಿ ಹೇಳಿದೆ.

"ಕೇಳಿದೆಯಾ ಮಾರಾಯ?" ಅಸ್ಕರ್ ಪಕ್ಕದವನ ಬೆನ್ನಿಗೆ ಗುದ್ದಿದ. "ನಾನು ಇಡೀ ಮಿಲಿಟರಿ. ನೀನು ಸಣ್ಣವ. ಇನ್ನು ಮುಂದೆ ನಾನು ಕೂತ ಮೇಲೆ ಕೂರಬೇಕು."

ಬೆಂಚು ನಕ್ಕಿತು. ನಾನು ನಗಲಿಲ್ಲ. ಆದರೆ ಅಂದು ಸಂಜೆ ಒಂದು ಹೊಸ ನೋಟ್‌ಬುಕ್ ತೆಗೆದು ನಡುವೆ ಗೀಟು ಎಳೆದೆ: ಎಡಕ್ಕೆ ಮೂಲದಲ್ಲಿ ಸಂಬಂಧವಿರುವ ಶಬ್ದಗಳು, ಬಲಕ್ಕೆ ಬರಿಯ ಹೋಲಿಕೆಯವು. ಬಲಗಡೆಯ ಮೊದಲ ಸಾಲಿನಲ್ಲಿ ಆ ಇಬ್ಬರು ಹುಡುಗರ ಹೆಸರುಗಳಿವೆ.

ಮರುವರ್ಷ ಶಾಲೆಯ ಘನಾಕೃತಿಗಳ ಮರದ ಪೆಟ್ಟಿಗೆಯಿಂದ ಶಂಕು, ಇಂಗ್ಲಿಷಿನ ಕೋನ್, ಕಳೆದುಹೋಯಿತು. ಅಸ್ಕರ್ ಮನೆಯಿಂದ ಒಂದು ಶಂಖ ತಂದ. ಅವನ ಅಜ್ಜ ಮಂಗಳೂರು ಬಂದರಿನಿಂದ ಲಕ್ಷದ್ವೀಪಕ್ಕೆ ಹೋಗುವ ಮಂಜಿ ಹಡಗಿನಲ್ಲಿ ಕೆಲಸಕ್ಕಿದ್ದವರು, ಅವರು ತಂದಿಟ್ಟದ್ದು. ಒಂದು ಕಡೆ ಅಗಲ, ಇನ್ನೊಂದು ಕಡೆ ಚೂಪು, ಶಂಕುವಿನದೇ ಆಕಾರ. ಬಣ್ಣ ಮಾಸಿತ್ತು, ತುದಿ ಮುರಿದಿತ್ತು. ನಿವೃತ್ತಿಯವರೆಗೆ ಅದನ್ನೇ ತೋರಿಸಿ ಕಲಿಸಿದೆ. ತುದಿ ಇಲ್ಲದ ಕಾರಣ ಎತ್ತರ ಅಳೆಯುವಾಗ ಪ್ರತಿ ವರ್ಷ ಒಂದು ಅಂದಾಜು ಸೇರಿಸಬೇಕಾಗುತ್ತಿತ್ತು. ಅಂದಾಜು ನನಗೆ ಹಿಡಿಸದು.

ನಾನು ಎರಡು ನಿಯಮಗಳನ್ನು ಪಾಲಿಸಿಕೊಂಡು ಬಂದವನು. ಅವುಗಳ ಬಗ್ಗೆ ನನಗೆ ಹೆಮ್ಮೆಯಿತ್ತು.

ವಿದ್ಯಾರ್ಥಿಗಳಿಂದ ಅಂಗಡಿಯ ವಸ್ತು ತೆಗೆದುಕೊಳ್ಳುವುದಿಲ್ಲ ಎಂಬುದು ಒಂದು. ಗಲ್ಫಿಗೆ ಹೋದವರು ರಜೆಯಲ್ಲಿ ಬಂದಾಗ ಹಳೆಯ ಮಾಸ್ಟರರನ್ನು ಕಂಡು ಹೋಗುವುದು ನಮ್ಮ ಕಡೆಯ ರೂಢಿ. ಖರ್ಜೂರ, ಅತ್ತರು, ಪೆನ್ನು ತರುತ್ತಾರೆ. ನಾನು ಗೇಟಿನಲ್ಲೇ ಹಿಂದಕ್ಕೆ ಕೊಡುತ್ತಿದ್ದೆ. ಮರೆತವರಂತೆ ಜಗಲಿಯಲ್ಲಿಟ್ಟು ಹೋದರೆ ಬಸ್‌ಸ್ಟ್ಯಾಂಡಿನವರೆಗೆ ನಡೆದು ಕೊಟ್ಟು ಬರುತ್ತಿದ್ದೆ. ಬೆಲೆ ತೆರದೆ ಸಿಕ್ಕಿದ್ದಾದರೆ ಅಡ್ಡಿಯಿಲ್ಲ: ಮರುಭೂಮಿಯ ಒಂದು ಹಿಡಿ ಮರಳು, ಒಂದು ಬೆಣಚುಕಲ್ಲು.

ಕೇಳಿದ ಪ್ರಶ್ನೆಗೆ ಮಾತ್ರ ಉತ್ತರ ಎಂಬುದು ಇನ್ನೊಂದು. ಉತ್ತರಪತ್ರಿಕೆಯಲ್ಲಿ ಕೇಳದ್ದನ್ನು ಬರೆದವರಿಗೆ ಒಂದು ಅಂಕ ಕಳೆಯುತ್ತಿದ್ದೆ.

ಸಾಯುವುದಕ್ಕೆ ಮೂರು ತಿಂಗಳ ಮೊದಲು, ಏಪ್ರಿಲ್ ರಜೆಯಲ್ಲಿ, ಅಸ್ಕರ್ ವೇಣೂರಿಗೆ ಬಂದ. ಚೀಲದಿಂದ ಪೇಪರಿನಲ್ಲಿ ಸುತ್ತಿದ ಒಂದು ಶಂಖ ತೆಗೆದ. ಅಂಗೈ ತುಂಬುವಷ್ಟು ದೊಡ್ಡದು. ಮೈತುಂಬ ಕಂದು ಗೀಟಿನ ಸಣ್ಣ ಸಣ್ಣ ತ್ರಿಕೋನಗಳು, ಯಾರೋ ಪಟ್ಟಿ ಹಿಡಿದು ಬರೆದ ಹಾಗೆ.

"ಎಲ್ಲಿಯದು?" ಎಂದೆ.

"ಸಮುದ್ರದ್ದು ಸಾರ್."

"ಸಮುದ್ರದಿಂದ ನಿನ್ನ ಚೀಲಕ್ಕೆ ಹೇಗೆ ಬಂತು?"

ಅವನು ತಲೆ ಕೆರೆದುಕೊಂಡ. "ಮಧ್ಯದಲ್ಲಿ ಒಂದು ಅಂಗಡಿ ಉಂಟು ಸಾರ್."

ಒಳಗಿನಿಂದ ನನ್ನ ಹೆಂಡತಿ ಪೂವಮ್ಮ ನಕ್ಕಳು. "ತೆಗೊಳ್ಳಿ ಮಾರಾಯ್ರೇ. ಅಷ್ಟು ದೂರದಿಂದ ತಂದಿದ್ದಾನೆ. ನಿಮ್ಮ ಗಣಿತ ಏನೂ ಕೆಟ್ಟುಹೋಗುದಿಲ್ಲ."

ನಾನು ಪೇಪರು ಸುತ್ತಿ ಅವನ ಕೈಗೆ ಕೊಟ್ಟೆ. ಕೊಟ್ಟು ಹೇಳಿದೆ: "ನೀನೇ ಹೆಕ್ಕಿದ್ದಾದರೆ ತಾ. ತುದಿ ಮುರಿದಿರಬಾರದು. ದಂಡೆಗೆ ಬಿದ್ದದ್ದು ಸವೆದು ಮಾಸಿರುತ್ತದೆ; ನೀರಿನೊಳಗೆ ಹೊಳಪಿರುವುದನ್ನು ನೋಡಿ ಹೆಕ್ಕು."

"ನೀರಂದ್ರೆ ನಂಗೆ ಹೆದರಿಕೆ ಅಲ್ವಾ ಸಾರ್. ಬಂಟ್ವಾಳದ ನೆರೆ ನೋಡಿ ಬೆಳೆದವ. ಈಜು ಬರುದಿಲ್ಲ."

"ಮೊಣಕಾಲಿನಷ್ಟು ನೀರಿಗೆ ಈಜು ಬೇಡ."

ಹೇಳಿದ್ದು ಇಷ್ಟು. ಹೇಳದೆ ಉಳಿಸಿದ್ದು ಒಂದುಂಟು. ಹೊಳಪಿರುವ ಶಂಖವೆಂದರೆ ಒಳಗೆ ಜೀವವಿರುವ ಶಂಖ. ಅವನು ತಂದಿದ್ದ ಶಂಖದ ಜಾತಿಗೆ ವಿಜ್ಞಾನಿಗಳು ಇಟ್ಟ ಹೆಸರು ಕೋನಸ್. ಆ ಹೆಸರು ನಮ್ಮ ಕೋನಕ್ಕೆ ನಂಟೋ ಎಂದು ತಿಳಿಯಲು ನಾನು ಹಿಂದೆಯೇ ಒಂದು ವಿಶ್ವಕೋಶ ತೆರೆದಿದ್ದೆ. ನಂಟಲ್ಲ. ಕೋನಸ್ ಎಂಬುದು ಪೈನ್ ಮರದ ಕಾಯಿಗೆ ಗ್ರೀಕರು ಇಟ್ಟ ಹೆಸರಿನಿಂದ ಬಂದದ್ದು. ಕೋನ ಗ್ರೀಕಿನಿಂದ ಬಂದದ್ದೇ ಆದರೂ, ಅದು ಮೊಣಕಾಲಿಗೆ ಸಂಬಂಧಿಸಿದ ಬೇರೊಂದು ಶಬ್ದವೆಂದು ಬಲ್ಲವರು ಹೇಳುತ್ತಾರೆ. ಬಲಗಡೆ ಬರೆದುಕೊಂಡೆ. ಅದೇ ಪುಟದ ಕೆಳಗೆ, ಈ ಜೀವಿಯ ಬಾಯಲ್ಲಿ ವಿಷದ ಮುಳ್ಳುಂಟು, ಮೀನಿಗೂ ಹುಳಕ್ಕೂ ಹೊಡೆಯುತ್ತದೆ, ಕೆಲವು ಬಗೆಯವು ಮನುಷ್ಯರನ್ನೂ ಕೊಂದಿವೆ ಎಂದಿತ್ತು. ಓದಿದೆ. ಶಬ್ದಕ್ಕೆ ಸಂಬಂಧಿಸಿದ್ದಲ್ಲವೆಂದು ಪುಸ್ತಕ ಮುಚ್ಚಿದೆ. ಏಪ್ರಿಲ್‌ನಲ್ಲಿ ಅಸ್ಕರ್ ಎದುರಿಗೆ ನಿಂತಿದ್ದಾಗ ಆ ಪುಟ ನೆನಪಿನಲ್ಲಿತ್ತು. ಅವನು ಕೇಳಲಿಲ್ಲ, ನಾನು ಹೇಳಲಿಲ್ಲ.

ಜುಲೈಯ ಆ ಗುರುವಾರ ಊರಿನ ಗಂಟೆ ಎಂಟು ಐವತ್ತಕ್ಕೆ ಅವನ ಸಂದೇಶ ನನ್ನ ಫೋನಿಗೆ ಬಂತು. "ಸಾರ್, ನಾಳೆ ರಜೆ. ಬೆಳಿಗ್ಗೆ ಹೆಕ್ಕಲಿಕ್ಕೆ ಹೋಗ್ತೇನೆ. ನೀವು ಹೇಳಿದ ಹಾಗೆ ಮೊಣಕಾಲು ನೀರು ಮಾತ್ರ. ಫಾಯಿಝಾಳಿಗೆ ಇವತ್ತು ನನ್ನ ಮೇಲೆ ಕೋಪ. ಹಬ್ಬಕ್ಕೆ ಬರುವಾಗ ಅವಳನ್ನೂ ನಿಮ್ಮಲ್ಲಿಗೆ ಕರ್ಕೊಂಡು ಬರ್ತೇನೆ. ಆ ಮಿಲಿಟರಿ ಕಥೆ ನೀವೇ ಹೇಳಬೇಕು, ನಾನು ಹೇಳಿದ್ರೆ ನಂಬುದಿಲ್ಲ." ಫಾಯಿಝಾ ಅವನ ಹೆಂಡತಿ.

ನಾನು ಉತ್ತರಿಸಿದೆ: "ತುದಿ ನೋಡು." ಎರಡು ಶಬ್ದ. ಅವನು ಓದಿದ್ದಕ್ಕೆ ನೀಲಿ ಗುರುತು ಬಿತ್ತು.

ಎರಡು ತಿಂಗಳು ಕಳೆದ ಮೇಲೆ ರುಕಿಯಾ ನಮ್ಮ ಮನೆಗೆ ಬಂದರು. ಜೊತೆಗೆ ನಿಝಾರ್, ಅವನೂ ನನ್ನ ವಿದ್ಯಾರ್ಥಿ, ಯಾನ್ಬುವಿನಲ್ಲಿ ಅಸ್ಕರನ ಕೋಣೆಯಲ್ಲೇ ಇದ್ದವನು, ರಜೆಯಲ್ಲಿ ಬಂದಿದ್ದ.

"ಹೆದರಬೇಡಿ ಸಾರ್, ಖರ್ಜೂರ ತಂದಿಲ್ಲ," ಎಂದು ಅವನು ಗೇಟಿನಲ್ಲೇ ಹೇಳಿದ. "ತಂದ್ರೆ ನನಗಿಂತ ಮೊದಲು ಅದು ಬಸ್‌ಸ್ಟ್ಯಾಂಡಿಗೆ ಹೋಗಿರ್ತದೆ."

"ನಿನಗೆ ಎಲ್ಲಿಯೂ ತಮಾಷೆ," ಎಂದು ರುಕಿಯಾ ಗದರಿದರು. ಅವರ ಕೈಯಲ್ಲಿ ಹಾಲಿನ ಪುಡಿಯ ತಗಡಿನ ಡಬ್ಬಿ ಇತ್ತು.

ನಿಝಾರ್ ನಡೆದದ್ದನ್ನು ಹೇಳಿದ. ಶುಕ್ರವಾರ ಬೆಳಿಗ್ಗೆ ಕೋಣೆಯವರೆಲ್ಲ ಮಲಗಿದ್ದಾಗ ಅಸ್ಕರ್ ಯಾರಿಗೂ ಹೇಳದೆ ಹೋಗಿದ್ದ. ಮಧ್ಯಾಹ್ನ ದಂಡೆಯ ಮರಳಿನಲ್ಲಿ ಹೆಣ ಸಿಕ್ಕಿತು. ಮೊದಲು ನೀರಿನಲ್ಲಿ ಮುಳುಗಿ ಸಾವು ಎಂದು ಬರೆದರು. ಆ ಸುದ್ದಿಯೇ ಊರಿಗೆ ಮುಟ್ಟಿತು. ಮತ್ತೆ ಆಸ್ಪತ್ರೆಯವರು ಜೇಬಿನಲ್ಲಿದ್ದ ಶಂಖ ನೋಡಿ, ಹೆಬ್ಬೆರಳಿನ ಬುಡದ ಗುರುತು ನೋಡಿ, ವಿಷ ಎಂದರು.

"ವಿಷ ಅಂತ ಕೇಳಿದ ಮೇಲೆ, ಬೇಕಂತಲೇ ಸತ್ತದ್ದು ಅಂತ ಇಲ್ಲಿ ಜನರ ಮಾತು ಇನ್ನೂ ಜೋರಾಯ್ತು ಸಾರ್. ಯಾರು ಕಾಗದ ಓದ್ತಾರೆ? ಅಲ್ಲೇ ಮಣ್ಣು ಮಾಡಿ ಆಯ್ತು. ಮನೆಯವರು ಯಾರೂ ಮುಖ ನೋಡ್ಲಿಲ್ಲ."

ಆಸ್ಪತ್ರೆಯ ಇಂಗ್ಲಿಷ್ ಕಾಗದವನ್ನು ನಾನು ಒಂದು ಅಕ್ಷರವೂ ಬಿಡದೆ ಕನ್ನಡದಲ್ಲಿ ಹೇಳಿದೆ. ಜೀವಿ ಚುಚ್ಚಿ, ಉಸಿರಾಟದ ಸ್ನಾಯುಗಳು ನಿಂತು ಸಾವು. ರುಕಿಯಾ ಸೆರಗು ಬಾಯಿಗೆ ಒತ್ತಿ ಕೇಳಿಸಿಕೊಂಡರು.

"ಮಾಸ್ಟ್ರೇ," ಎಂದರು ಆಮೇಲೆ, "ಅವ ನೀರಿಗೆ ಹೆದರುವವ. ಹಿಂದಿನ ದಿನ ಫೋನಲ್ಲಿ ಹೆಂಡತಿ ಹತ್ರ ಜಗಳ ಆಗಿತ್ತು. ಅದಕ್ಕೆ ಜೀವ ಬೇಡ ಅಂತ ಸಮುದ್ರಕ್ಕೆ ಹೋದ, ಅಲ್ಲಿ ಇದು ಚುಚ್ಚಿತು ಅಂತ ಹೇಳ್ತಾರೆ. ಫಾಯಿಝಾ ಅದನ್ನೇ ನಂಬಿದ್ದಾಳೆ. 'ನಾನೇ ಕೊಂದೆ ಉಮ್ಮ' ಅಂತಾಳೆ. ಊಟ ಇಲ್ಲ, ನಿದ್ರೆ ಇಲ್ಲ. ಇನ್ನೊಂದು ಸಾವು ನನಗೆ ತಡೀಲಿಕ್ಕೆ ಆಗುದಿಲ್ಲ. ಆ ದಿನ ಅವ ಅಲ್ಲಿಗೆ ಯಾಕೆ ಹೋದ?"

ಅದರ ಬೆನ್ನಿಗೇ ನಿಝಾರ್ ಕಾಗದದ ಮೇಲೆ ಬೆರಳಿಟ್ಟ. "ಮತ್ತೆ ಈ ಕೋನಸ್ ಅಂದ್ರೆ ಎಂತದು ಸಾರ್?"

ಎರಡು ಪ್ರಶ್ನೆಗಳಿದ್ದವು. ನಾನು ಎರಡನೆಯದಕ್ಕೆ ಉತ್ತರಿಸಿದೆ. ಕೋನ, ಕೋನಸ್, ಶಂಕು, ಶಂಖ, ಎಲ್ಲವನ್ನೂ ಹೇಳಿದೆ. ಕಲಿಸುವಾಗ ನನ್ನ ಸ್ವರ ಸ್ಥಿರವಾಗಿರುತ್ತದೆ, ಅಂದೂ ಸ್ಥಿರವಾಗಿತ್ತು. ಮೊದಲನೆಯ ಪ್ರಶ್ನೆ ಆ ತಾಯಿ ದೇವರನ್ನು ಕೇಳಿದ್ದು, ನನ್ನನ್ನಲ್ಲ ಎಂದು ತೀರ್ಮಾನಿಸಿಕೊಂಡೆ.

ಹೊರಡುವಾಗ ರುಕಿಯಾ ಡಬ್ಬಿಯನ್ನು ಬೆಂಚಿನ ಮೇಲಿಟ್ಟರು. "ಇದು ಮನೆಯಲ್ಲಿ ಬೇಡ. ನೋಡ್ಲಿಕ್ಕೂ ಆಗುದಿಲ್ಲ, ಬಿಸಾಡಲಿಕ್ಕೂ ಮನಸ್ಸಿಲ್ಲ. ನಿಮ್ಮಲ್ಲಿ ಇರ್ಲಿ. ಇಂಥದ್ದೆಲ್ಲ ಅವನಿಗೆ ಕಲಿಸಿದ್ದು ನೀವೇ ಅಲ್ವಾ?"

ಅವರ ಬಸ್ಸು ಹೋದ ಮೇಲೆ ಡಬ್ಬಿ ತೆರೆದೆ. ಒಳಗೆ ಅಸ್ಕರನ ಜೇಬಿನಲ್ಲಿ ಸಿಕ್ಕಿದ ಶಂಖ. ಮೊದಲು ತುದಿ ನೋಡಿದೆ. ಮುರಿದಿರಲಿಲ್ಲ. ಕೂದಲೆಳೆಯಷ್ಟೂ ಕುಂದಿಲ್ಲದ ಶಂಕು. ಒಂದು ಕ್ಷಣ ನನಗೆ ಸಂತೋಷವಾಯಿತು. ಆ ಕ್ಷಣದ ವಿಷಯ ಯಾರಿಗೂ ಹೇಳಿದವನಲ್ಲ, ಇಲ್ಲಿ ಬರೆಯುತ್ತಿದ್ದೇನೆ.

ಪೂವಮ್ಮ ಬ್ಯಾರಿ ಮುಸ್ಲಿಮರ ಮನೆಯ ವಿಷಯಕ್ಕೆ ತಲೆ ಹಾಕುವವಳಲ್ಲ. ಅಂದು ಬಾಗಿಲಲ್ಲಿ ನಿಂತಳು.

"ಹೇಳಿದ್ರಾ?"

"ಏನನ್ನು?"

"ಶಬ್ದದ ಪುರಾಣ ಅಷ್ಟು ಹೇಳಿದ್ರಿ. ಏಪ್ರಿಲ್‌ನಲ್ಲಿ ಇದೇ ಜಗಲಿಯಲ್ಲಿ ನೀವು ಆಡಿದ ಮಾತು ನಾನೂ ಕೇಳಿದ್ದೇನೆ. ಅದು ಎಲ್ಲಿ ಹೋಯ್ತು?"

"ಹೇಳಬೇಕಾದದ್ದು ಆ ಹುಡುಗಿಗೆ," ಎಂದೆ. "ಆಕೆ ಇದ್ದತ್ ಕೂತಿದ್ದಾಳೆ. ಈಗ ಹೊರಗಿನ ಗಂಡಸರನ್ನು ಕಾಣುವ ಹಾಗಿಲ್ಲ."

ಈ ಮಾತು ಸುಳ್ಳಲ್ಲ. ಗಂಡ ಸತ್ತ ಹೆಂಗಸು ಅವರಲ್ಲಿ ನಾಲ್ಕು ತಿಂಗಳು ಹತ್ತು ದಿನ ಹಾಗೆ ಕೂರುತ್ತಾಳೆ. ಚಾಂದ್ರಮಾನದ ತಿಂಗಳುಗಳು; ಒಟ್ಟು ನೂರಿಪ್ಪತ್ತೆಂಟು ದಿನ. ಅಂದಿಗೆ ಅರುವತ್ತೆರಡು ಕಳೆದಿದ್ದವು, ಅರುವತ್ತಾರು ಉಳಿದಿದ್ದವು. ಲೆಕ್ಕ ಸರಿಯಿತ್ತು. ಆದರೆ ರುಕಿಯಾ ಅವರಿಗೆ ಹೇಳಿ ಕಳಿಸಲು ಯಾವ ಅಡ್ಡಿಯೂ ಇರಲಿಲ್ಲ. ಫೋನಿನ ಆ ಸಂದೇಶವನ್ನು ಮುಂದಕ್ಕೆ ಕಳಿಸಲು ಒಂದು ಬೆರಳು ಸಾಕಿತ್ತು. ನಾನು ಅರುವತ್ತಾರು ದಿನಗಳನ್ನು ರಜೆಯಂತೆ ತೆಗೆದುಕೊಂಡೆ.

ರಜೆಯಾಗಲಿಲ್ಲ. ನೋಟ್‌ಬುಕ್ ತೆರೆದು, ನಾನು ಆಡಿದ ಮಾತನ್ನೂ ಅವನ ಸಾವನ್ನೂ ಅಕ್ಕಪಕ್ಕ ಬರೆದು, ಯಾವ ಕಡೆ ಸೇರುತ್ತವೆ ಎಂದು ನೋಡಿದೆ. ಸಾವಿರ ಜನ ಶಂಖ ಹೆಕ್ಕುತ್ತಾರೆ, ಎಲ್ಲರೂ ಸಾಯುವುದಿಲ್ಲ. ಆದ್ದರಿಂದ ಬಲಗಡೆ, ಬರಿಯ ಹೋಲಿಕೆ. ಮರುದಿನ ಅದನ್ನು ಹೊಡೆದುಹಾಕಿದೆ. ಅವನೇ ಹೋಗಲು ಒಪ್ಪಿದ್ದ, ಮತ್ತೆ ಬಲಗಡೆ. ಮತ್ತೆ ಹೊಡೆದೆ. ಹೀಗೆ ಒಂದು ಪುಟ ಪೂರ್ತಿ ಹಾಳಾಯಿತು. ಅಷ್ಟರಲ್ಲಿ ಮಾಣಿ ಎಂಬ ಊರಿನ ತವರುಮನೆಯಲ್ಲಿ ಇಪ್ಪತ್ತೈದು ವರ್ಷದ ಒಬ್ಬ ಹುಡುಗಿ ನನ್ನ ಪಾಲಿನದನ್ನು ತಾನು ಹೊತ್ತು ಕೂತಿದ್ದಳು. ಊಟ ಮಾಡುವಾಗೆಲ್ಲ ಅದು ನೆನಪಾಗುತ್ತಿತ್ತು.

ಅರುವತ್ತೇಳನೆಯ ದಿನ ಬೆಳಿಗ್ಗೆ ಪೂವಮ್ಮ ನನ್ನ ಕೊಡೆಯನ್ನೂ ಡಬ್ಬಿಯನ್ನೂ ತಂದು ಬೆಂಚಿನ ಮೇಲಿಟ್ಟಳು. ನಾನು ವೇಣೂರಿನಿಂದ ಮೂಡುಬಿದಿರೆಗೆ, ಅಲ್ಲಿಂದ ಸಿದ್ದಕಟ್ಟೆಯ ಮೇಲೆ ಬಂಟ್ವಾಳಕ್ಕೆ ಹೋಗಿ, ರುಕಿಯಾ ಅವರನ್ನು ಕರೆದುಕೊಂಡು ಮಾಣಿಯ ಬಸ್ಸು ಹತ್ತಿದೆ. "ಫಾಯಿಝಾಳಿಗೆ ಒಂದು ವಿಷಯ ಹೇಳುವುದುಂಟು, ನೀವೂ ಇರಬೇಕು" ಎಂದಷ್ಟೇ ಅವರಿಗೆ ಹೇಳಿದ್ದೆ. ಅವರು ಡಬ್ಬಿಯ ಕಡೆಗೊಮ್ಮೆ ನೋಡಿ ಕಿಟಕಿಗೆ ಮುಖ ತಿರುಗಿಸಿದರು.

ಫಾಯಿಝಾ ಮನೆಯ ಮುಂದಿನ ಸಿಟೌಟಿನ ಬಾಗಿಲ ಬಳಿ ಕೂತಳು. ಕೈಗಳು ಸಣಕಲಾಗಿದ್ದವು. ನನಗೆ ಕುರ್ಚಿ ಹಾಕಿದರು. ನಾನು ಡಬ್ಬಿಯನ್ನು ಕುರ್ಚಿಯ ಮೇಲಿಟ್ಟು ನಿಂತೇ ಹೇಳಿದೆ. ತಪ್ಪು ಮಾಡಿದವರನ್ನು ನಾನು ಹಾಗೆಯೇ ನಿಲ್ಲಿಸುತ್ತಿದ್ದೆ.

"ಅಸ್ಕರ್ ಸಮುದ್ರಕ್ಕೆ ಹೋದದ್ದು ನಿನ್ನ ಜಗಳದಿಂದ ಅಲ್ಲ. ಈ ಶಂಖ ಬೇಕೆಂದು ನಾನು ಕೇಳಿದ್ದೆ."

ಅವಳು ತಲೆ ಎತ್ತಿದಳು. "ನೀವಾ?"

"ಅಂಗಡಿಯದ್ದು ತಂದಿದ್ದ. ಬೇಡವೆಂದೆ. ನೀನೇ ಹೆಕ್ಕಿ ತಾ ಎಂದೆ."

"ಇದರಲ್ಲಿ ವಿಷ ಉಂಟು ಅಂತ ಅವರಿಗೆ ಹೇಳಿದ್ರಾ ಸಾರ್?"

"ಇಲ್ಲ."

"ನಿಮಗೂ ಗೊತ್ತಿರ್ಲಿಲ್ವಾ?"

"ಗೊತ್ತಿತ್ತು."

ರುಕಿಯಾ ನನ್ನ ಎದುರಿಗೆ ಬಂದರು. "ಗೊತ್ತಿದ್ದು ಯಾಕೆ ಹೇಳ್ಲಿಲ್ಲ ಮಾಸ್ಟ್ರೇ? ಒಂದು ಮಾತು. ಒಂದೇ ಒಂದು ಮಾತು."

"ಅವನು ಕೇಳಲಿಲ್ಲ," ಎಂದೆ.

ಮೂವತ್ತನಾಲ್ಕು ವರ್ಷ ನನ್ನ ತರಗತಿಯಲ್ಲಿ ಸರಿಯೆನಿಸಿದ್ದ ಉತ್ತರ ಅದು. ಆ ಸಿಟೌಟಿನಲ್ಲಿ ಅದನ್ನು ನನ್ನ ಕಿವಿಯಿಂದಲೇ ಕೇಳಿದೆ.

ಆಮೇಲೆ, ಯಾರೂ ಕೇಳದೆ, ಫೋನ್ ತೆಗೆದು ಫಾಯಿಝಾಳ ಕೈಗೆ ಕೊಟ್ಟೆ. ಅವಳು ಓದಿದಳು. ತುಂಬ ಹೊತ್ತು ಓದಿದಳು. ಸಂದೇಶದ ಕೆಳಗಿನ ಗಂಟೆಯ ಮೇಲೆ ಬೆರಳಿಟ್ಟಳು.

"ಎಂಟು ಐವತ್ತು. ನಾನು ಫೋನ್ ಇಟ್ಟದ್ದು ಎಂಟೂಕಾಲಿಗೆ."

"ಮೂವತ್ತೈದು ನಿಮಿಷ ಕಳೆದು ಬರೆದದ್ದು. ನಿನ್ನನ್ನು ಕರೆತರುವ ಯೋಚನೆಯಲ್ಲಿದ್ದ."

"ಕೋಪ ಅಂತ ಬರೆದಿದ್ದಾರೆ ಉಮ್ಮ," ಎಂದು ರುಕಿಯಾ ಅವರ ಕಡೆಗೆ ತಿರುಗಿದಳು. "ಬರೀ ಕೋಪ ಅಂತ. ಅವರಿಗೆ ಅದು ಅಷ್ಟೇ ಆಗಿತ್ತು." ಕೆನ್ನೆ ಒದ್ದೆಯಾಗಿತ್ತು. ನನ್ನನ್ನು ನೋಡಿದಳು. "ಈ ಮಿಲಿಟರಿ ಕಥೆ ಎಂತದು?"

ಹೇಳಿದೆ. ಬೆಂಚು, ಅಸ್ಗರ್, ಉಸ್ತಾದರು, ಬೆನ್ನಿಗೆ ಬಿದ್ದ ಗುದ್ದು, ನಾನು ಕೂತ ಮೇಲೆ ಕೂರಬೇಕು ಎಂಬ ಆಜ್ಞೆ, ಒಂದನ್ನೂ ಬಿಡದೆ. ಅವಳ ಬಾಯಿಂದ ಫಕ್ಕನೆ ನಗು ಬಂತು. "ನನ್ನ ಹತ್ರವೂ ಹಾಗೇ," ಎಂದಳು. "ಇಡೀ ಮಿಲಿಟರಿಯಂತೆ! ಹಲ್ಲಿ ಕಂಡ್ರೆ ಮಂಚ ಹತ್ತುವವರು." ರುಕಿಯಾ ಅಳುತ್ತಲೇ ಹೌದು ಹೌದೆಂದು ತಲೆಯಾಡಿಸಿದರು.

ಆಗ ಅವಳ ಕಣ್ಣು ಕೆಳಗಿನ ಸಾಲಿಗೆ ಹೋಯಿತು.

"ತುದಿ ನೋಡು. ಇದು ನಿಮ್ಮದಾ?"

"ನನ್ನದು."

"ಇಷ್ಟು ದಿನ ಇದು ನಿಮ್ಮ ಫೋನಲ್ಲೇ ಇತ್ತಾ?"

"ಇತ್ತು."

"ದಿನಾ?"

"ದಿನಾ ಇತ್ತು."

ಅವಳು ಅಸ್ಕರನ ಸಂದೇಶವನ್ನು ತನ್ನ ಫೋನಿಗೆ ಕಳಿಸಿಕೊಂಡಳು. ನನ್ನ ಎರಡು ಶಬ್ದಗಳನ್ನೂ ಕಳಿಸಿಕೊಂಡಳು. ಫೋನ್ ಹಿಂದಕ್ಕೆ ಕೊಡುವಾಗ ನನ್ನ ಕೈಗೆ ಕೊಡದೆ ಅರೆಗೋಡೆಯ ಮೇಲಿಟ್ಟಳು. ಕ್ಷಮೆ ಕೇಳುವ ಮಾತನ್ನು ಬಸ್ಸಿನಲ್ಲಿ ಸಿದ್ಧಪಡಿಸಿಕೊಂಡು ಬಂದಿದ್ದೆ. ಕೇಳಿದರೆ ಕೊಡುವ ಕೆಲಸವೂ ಅವಳ ಮೇಲೆ ಬೀಳುತ್ತದೆ ಎಂದು ಕಂಡು ಅದನ್ನು ಆಡಲಿಲ್ಲ. ಒಳಗಿನಿಂದ ಅವಳ ತಾಯಿ ಊಟಕ್ಕೆ ಕರೆದರು. "ಬಂದೆ," ಎಂದಳು. ರುಕಿಯಾ ನನ್ನ ಮುಖ ನೋಡಿದರು. ಬೈಯುವ ಮುಖವಾಗಿರಲಿಲ್ಲ, ಬನ್ನಿ ಎನ್ನುವ ಮುಖವೂ ಆಗಿರಲಿಲ್ಲ.

ನಾನು ಕೊಡೆ ತೆಗೆದುಕೊಂಡು ಅಂಗಳಕ್ಕೆ ಇಳಿದೆ. ಡಬ್ಬಿಯನ್ನು ಕುರ್ಚಿಯ ಮೇಲೆಯೇ ಬಿಟ್ಟೆ. ಮರೆತು ಬಿಟ್ಟದ್ದಲ್ಲ.

ಗೇಟಿನ ಚಿಲಕಕ್ಕೆ ಕೈ ಹಾಕಿದಾಗ ಹಿಂದಿನಿಂದ ಹೆಜ್ಜೆಯ ಸದ್ದು. ಫಾಯಿಝಾ ಡಬ್ಬಿಯನ್ನು ಎರಡೂ ಕೈಯಲ್ಲಿ ಹಿಡಿದು ಬಿಸಿಲಿನಲ್ಲಿ ಬಂದಿದ್ದಳು. ನಾಲ್ಕು ತಿಂಗಳು ಬಿಸಿಲು ಕಾಣದ ಕಣ್ಣುಗಳು ಕಿರಿದಾಗಿದ್ದವು.

"ತೆಗೊಳ್ಳಿ," ಎಂದಳು. "ಇದು ಅಂಗಡಿಯದ್ದಲ್ಲ."

ತೆಗೆದುಕೊಂಡೆ.

ಮಾಣಿಯಿಂದ ವೇಣೂರಿನವರೆಗೆ ಡಬ್ಬಿ ನನ್ನ ಮಡಿಲಲ್ಲಿತ್ತು. ತಿರುವುಗಳಲ್ಲಿ ಒಳಗಿನ ಶಂಖ ಉರುಳಿ ತಗಡಿಗೆ ತಾಗುತ್ತಿತ್ತು. ತುದಿ ಮುರಿಯದಂತೆ ಅದನ್ನು ಎರಡೂ ಕೈಗಳಿಂದ ಹಿಡಿದುಕೊಂಡಿದ್ದೆ.